ಕೇಳದೆ ತಂದ ಅಳು

ಯಕ್ಷಗಾನದ ಯಾವ ಪ್ರಸಂಗ, ಯಾವ ಪಾತ್ರ ಎಂದು ಇಲ್ಲಿ ಬರೆಯುವುದಿಲ್ಲ. ಬರೆದರೆ ಹೆಮ್ಮಾಡಿಯಿಂದ ಬೈಂದೂರಿನವರೆಗೆ ಆಟ ನೋಡಿದವರೆಲ್ಲ ‘ಓಹೋ, ಆ ಹೊಲಿಗೆಯವನಾ!’ ಎಂದು ಬೆರಳು ತೋರಿಸಿಯಾರು. ಒಬ್ಬಳು ರಾಣಿ, ಅವಳಿಗೊಂದು ಮಗು. ಮಗು ಸಾಯುತ್ತದೆ, ರಾಣಿ ಅಳುತ್ತಾಳೆ. ಇಷ್ಟು ಗೊತ್ತಾದರೆ ಸಾಕು. ಆ ರಾಣಿಯ ವೇಷ ನನ್ನದಾಗಿತ್ತು.

ಹೊಟ್ಟೆಪಾಡಿಗೆ ನಾನು ಹೆಮ್ಮಾಡಿಯ ಹೆದ್ದಾರಿ ಬದಿಯಲ್ಲಿ ಹೆಂಗಸರ ರವಿಕೆ ಹೊಲಿಯುವವನು. ಭಾನುವಾರ ಅಂಗಡಿಗೆ ಬೀಗ ಹಾಕಿ, ಬಸ್ಸು ಹತ್ತಿ ನಾವುಂದಕ್ಕೆ ಹೋಗುತ್ತಿದ್ದೆ. ಅಲ್ಲಿ ನಮ್ಮ ಹವ್ಯಾಸಿ ಯಕ್ಷಗಾನ ಸಂಘದ ಅಭ್ಯಾಸ. ಸಪೂರ ಮೈ, ಸಣ್ಣ ಮುಖ ಎಂದು ನನಗೆ ಮೊದಲಿನಿಂದಲೂ ಸ್ತ್ರೀವೇಷವನ್ನೇ ಕಟ್ಟಿದ್ದರು. ಗಂಡಸು ಸೀರೆ ಉಟ್ಟು ರಂಗಸ್ಥಳಕ್ಕೆ ಬರುವುದು ನಮ್ಮ ಕಡೆ ಯಾರಿಗೂ ವಿಶೇಷವಲ್ಲ. ಆದರೂ ಅಂಗಡಿಗೆ ಬರುವ ಹೆಂಗಸರು ಬಿಡುತ್ತಿದ್ದರೇ? “ಹ್ವಾಯ್, ನನ್ ರವಿಕೆ ನೀವೇ ಒಂದ್ಸಲ ಹೈಕಂಡ್ ಕಾಣಿ, ಸಮ ಆತ್ತಾ ಅಂದೇಳಿ” ಎಂದು ನಗುತ್ತಿದ್ದರು. ನಾನೂ ಸುಮ್ಮನಿರುವ ಜಾತಿಯಲ್ಲ, ತಿರುಗಿ ಏನಾದರೂ ಅನ್ನುತ್ತಿದ್ದೆ. ಹಾಗೆ ಅನ್ನುತ್ತಲೇ ಅವರು ಸೆರಗು ಹೇಗೆ ಎಳೆದುಕೊಳ್ಳುತ್ತಾರೆ, ನಾಚಿದರೆ ಕತ್ತು ಎತ್ತ ಹೊರಳಿಸುತ್ತಾರೆ, ಸಿಟ್ಟು ಬಂದರೆ ಯಾವ ಕಾಲಿನ ಮೇಲೆ ಭಾರ ಹಾಕಿ ನಿಲ್ಲುತ್ತಾರೆ, ಎಲ್ಲ ನೋಡಿಕೊಳ್ಳುತ್ತಿದ್ದೆ. ಆಗ ಅದು ಕಳ್ಳತನ ಎಂದು ಅನ್ನಿಸಿರಲೇ ಇಲ್ಲ.

ನಡಿಗೆ ಬಂತು, ನಾಚಿಕೆ ಬಂತು, ಸಿಟ್ಟೂ ಬಂತು. ಅಳು ಮಾತ್ರ ಬರಲಿಲ್ಲ. ಅಳುವುದೆಂದರೆ ಏನು ಮಹಾ ಎಂದುಕೊಂಡವರು ಒಮ್ಮೆ ಸೀರೆ ಉಟ್ಟು ಮುನ್ನೂರು ಜನರ ಮುಂದೆ ನಿಂತು ನೋಡಬೇಕು. ಭಾಗವತರು ಶೋಕದ ಪದ್ಯ ಎತ್ತಿದರೆ ನಾನು ಎರಡೂ ಅಂಗೈ ಮುಖಕ್ಕೆ ಹಿಡಿದು ಭುಜ ಕುಣಿಸುತ್ತಿದ್ದೆ. ಒಂದು ಸಲ ಹೆಮ್ಮಾಡಿಯಲ್ಲೇ, ನನ್ನ ಊರಿನಲ್ಲೇ, ಹಿಂದಿನಿಂದ ಒಬ್ಬ ಕೂಗಿದ: “ಹ್ವಾಯ್, ರಾಣಿಗ್ ಶೀತ ಆಯ್ತ್ ಕಾಣಿ, ಒಂದ್ ಗುಳ್ಗಿ ಕೊಡಿ!” ಇಡೀ ಸಭೆ ಗೊಳ್ಳೆಂದಿತು. ಸತ್ತ ಮಗುವಾಗಿ ಮಲಗಿದ್ದ ಹುಡುಗನೂ ಕಿಸಕ್ಕೆಂದ. ಮಾನ ಹರಾಜಾಯಿತು ಮಾರಾಯ್ರೇ. ಒಂದು ವಾರ ಅಂಗಡಿಯಲ್ಲಿ ತಲೆ ಎತ್ತಲಿಲ್ಲ.

ನಮಗೆ ಕಲಿಸುತ್ತಿದ್ದವರು ನಾವುಂದದ ಹಿರಿಯರೊಬ್ಬರು. ಮೂವತ್ತು ವರ್ಷ ಮೇಳದಲ್ಲಿ ತಿರುಗಾಡಿ ಸ್ತ್ರೀವೇಷ ಮಾಡಿ, ಮಂಡಿ ನೋವಿಗೆ ಬಿಟ್ಟು ಬಂದವರು. ಹೊಗಳುವುದು ಗೊತ್ತಿರದ ಮನುಷ್ಯ. ಆ ಗುಳಿಗೆಯ ಸಂಗತಿ ಕೇಳಿ ಅವರು ನಗಲಿಲ್ಲ. “ನೀ ಹೆಂಗ್ಸ್ರ್ ಮರ್ಕುದನ್ನ ಮಾಡ್ತೆ” ಎಂದರು. ಮರ್ಕುವುದೆಂದರೆ ನಮ್ಮಲ್ಲಿ ಅಳುವುದು. “ಹೆಂಗ್ಸ್ರ್ ಅಂದೇಳಿ ಯಾರೂ ಇಲ್ಲೆ. ಒಬ್ಳ್ ಹೆಂಗ್ಸನ್ನ ಮಾಡ್. ನಿಂಗ್ ಗೊತ್ತಿಪ್ಪ ಒಬ್ಳನ್ನ.”

ನನಗೆ ಗೊತ್ತಿದ್ದವಳು ಒಬ್ಬಳೇ. ನನ್ನ ಹೆಂಡತಿ.

ಅವಳು ಬಾರ್ಕೂರಿನವಳು. ಮದುವೆಯಾದದ್ದು ತೊಂಬತ್ತೇಳರಲ್ಲಿ. ಮಾತು ಕಡಿಮೆ, ನಗು ಜಾಸ್ತಿ. ನಾನು ಕನ್ನಡಿಯ ಮುಂದೆ ಹೆಜ್ಜೆ ಹಾಕುವಾಗ ಬಾಗಿಲಲ್ಲಿ ನಿಂತು, “ಅಯ್ಯಬ್ಯಾ, ಹೆಂಗ್ಸ್ರ್ ಹೀಂಗ್ ನಡ್ದ್ರೆ ಬಾವಿಂದ ಕೊಡ ಮನಿಗ್ ಬತ್ತಿಲ್ಲೆ” ಎಂದು ಹಾಸ್ಯ ಮಾಡಿ, ತಾನೇ ಎರಡು ಹೆಜ್ಜೆ ನಡೆದು ತೋರಿಸುತ್ತಿದ್ದಳು. ಎರಡು ವರ್ಷಕ್ಕೆ ಹೆಣ್ಣುಮಗು ಹುಟ್ಟಿತು. ತೊಟ್ಟಿಲಿಗೆ ಹಾಕುವ ದಿನಕ್ಕೆಂದು ಅವಳ ಅಮ್ಮ ಬಾರ್ಕೂರಿನಿಂದ ಒಂದು ರೇಷ್ಮೆ ಸೀರೆ ತಂದುಕೊಟ್ಟಿದ್ದರು, ಹಣ್ಣಡಿಕೆಯ ಬಣ್ಣ, ಹಸಿರು ಅಂಚು. ಅದನ್ನುಟ್ಟು ಮಗುವನ್ನು ಮಡಿಲಲ್ಲಿಟ್ಟುಕೊಂಡು ಕುಳಿತಿದ್ದಳು. ಅಷ್ಟು ಚಂದ ಅವಳನ್ನು ನಾನು ಅದಕ್ಕೆ ಮೊದಲೂ ನೋಡಿರಲಿಲ್ಲ, ಆಮೇಲೂ ನೋಡಲಿಲ್ಲ.

ಏಳು ತಿಂಗಳಿಗೆ ಮಗು ಹೋಯಿತು. ಎರಡು ದಿನದ ಜ್ವರ, ಮೂರನೆಯ ದಿನ ಬೆಳಿಗ್ಗೆ ರಿಕ್ಷಾದಲ್ಲಿ ಕುಂದಾಪುರಕ್ಕೆ ಒಯ್ಯುವಷ್ಟರಲ್ಲಿ ಮೈ ತಣ್ಣಗಾಗಿತ್ತು. ಅದನ್ನು ಬರೆಯಲಾರೆ.

ಮಣ್ಣು ಮಾಡಿ ಬಂದ ಮೇಲೆ ಬಂದವರೆಲ್ಲ ಹೋದರು. ಅವಳು ಒಳಕೋಣೆಯಲ್ಲಿ ಗೋಡೆಗೆ ಮುಖ ಮಾಡಿ ಕುಳಿತಿದ್ದಳು. ಮಗು ಹೋದರೂ ಹಾಲು ನಿಂತಿರಲಿಲ್ಲ, ರವಿಕೆ ನೆನೆಯುತ್ತಿತ್ತು. ಅವಳು ಎಡಗೈಯ ಮಣಿಕಟ್ಟನ್ನು ಎದೆಗೆ ಒತ್ತಿ ಹಿಡಿದಿದ್ದಳು, ಹರಿಯುವುದನ್ನು ತಡೆಯುವ ಹಾಗೆ. ಗಂಟಲಿನಿಂದ ಗೋಳಿಲ್ಲ, ಅಯ್ಯೋ ಇಲ್ಲ. ಸ್ವಲ್ಪ ಸ್ವಲ್ಪ ಹೊತ್ತಿಗೆ ಮೂಗಿನಲ್ಲೇ ‘ಹ್ಞೂಂ’ ಅನ್ನುತ್ತಿದ್ದಳು. ಯಾರೋ ಎದುರು ಕುಳಿತು ಏನೋ ಕೇಳುತ್ತಿದ್ದಾರೆ, ಇವಳು ಒಂದೊಂದಕ್ಕೂ ಹೌದೆಂದು ಒಪ್ಪುತ್ತಿದ್ದಾಳೆ, ಹಾಗೆ. ನಾನು ಪಕ್ಕದಲ್ಲಿ ಕುಳಿತು ಅತ್ತೆ. ಅತ್ತದ್ದು ನಿಜ, ದೇವರಾಣೆಗೂ ನಿಜ. ಆದರೆ ಆ ಮಣಿಕಟ್ಟು, ಆ ‘ಹ್ಞೂಂ’, ಎರಡರ ನಡುವೆ ಎಷ್ಟು ಹೊತ್ತು, ಎಲ್ಲ ನನ್ನೊಳಗೆ ಉಳಿದುಹೋಗಿತ್ತು. ಅಳುತ್ತಿದ್ದವನ ಕಣ್ಣು ಅದನ್ನೆಲ್ಲ ಯಾವಾಗ ಲೆಕ್ಕ ಮಾಡಿಟ್ಟುಕೊಂಡಿತೋ ನನಗೆ ಗೊತ್ತಿಲ್ಲ.

ಎರಡು ವರ್ಷ ಕಳೆದು ಸಂಘಕ್ಕೆ ಮತ್ತೆ ಅದೇ ಪ್ರಸಂಗ ಬಂತು. ನಾವುಂದದ ಶಾಲೆಯ ಅಂಗಳದಲ್ಲಿ ಸಂಜೆಯ ಆಟ. ಅಭ್ಯಾಸದ ದಿನ ಮಧ್ಯಾಹ್ನ ಭಾಗವತರು ಆ ಪದ್ಯ ಎತ್ತಿದರು. ನಾನು ಅಂಗೈಯನ್ನು ಮುಖಕ್ಕೆ ಒಯ್ಯಲಿಲ್ಲ. ಪಕ್ಕಕ್ಕೆ ತಿರುಗಿದೆ, ಎಡಗೈ ಮಣಿಕಟ್ಟು ತಾನಾಗಿಯೇ ಎದೆಗೆ ಹೋಯಿತು, ‘ಹ್ಞೂಂ’ ಎಂದೆ. ಇನ್ನೊಮ್ಮೆ ‘ಹ್ಞೂಂ’ ಎಂದೆ. ಭಾಗವತರು ಪದ್ಯ ನಿಲ್ಲಿಸಿಬಿಟ್ಟರು. ಮದ್ದಲೆಯವರು ಕೈ ಎತ್ತಿದ್ದು ಎತ್ತಿದ ಹಾಗೇ ಇತ್ತು.

ಗುರುಗಳು ಚಾಪೆಯಿಂದ ಎದ್ದರು. ಎಲೆಯಡಿಕೆ ಉಗಿದು ಬಂದು ಕೇಳಿದರು: “ಇದ್ ಯಾರ್ದ್?”

“ಯಾರ್ದೂ ಅಲ್ಲ, ನಂದೇ.”

“ಸುಳ್ಳ್ ಹೇಳ್ಬೇಡ. ಕೇಂಡ್ ತಕಂಡ್ಯಾ?”

ನಾನು ಬಗ್ಗಿ ಗೆಜ್ಜೆ ಸರಿಮಾಡಿಕೊಂಡೆ. ಅವರು, “ಚೌಕಿಯಲ್ಲ್ ಒಂದ್ ಸೂಜಿ ಬೇಕಾರೂ ನಾವ್ ಕೇಂಡ್ ತಕಂತೊ” ಎಂದಷ್ಟೇ ಹೇಳಿ ಮುಂದಿನ ಪದ್ಯಕ್ಕೆ ಸನ್ನೆ ಮಾಡಿದರು. ಚೌಕಿ ಎಂದರೆ ನಾವು ಬಣ್ಣ ಹಚ್ಚಿ ವೇಷ ಕಟ್ಟುವ ಜಾಗ. ಅಲ್ಲಿ ಒಬ್ಬರ ಗೆಜ್ಜೆ, ಒಬ್ಬರ ಬಣ್ಣದ ಕಡ್ಡಿ ಇನ್ನೊಬ್ಬರು ಕೇಳದೆ ಮುಟ್ಟುವ ಕ್ರಮವಿಲ್ಲ. ಬಸ್ಸಿನಲ್ಲಿ ಬರುವಾಗ ಆ ಮಾತು ತಲೆಯಲ್ಲೇ ಇತ್ತು. ಕೇಳಬೇಕು, ಇವತ್ತೇ ಕೇಳಬೇಕು ಎಂದುಕೊಂಡು ಇಳಿದೆ.

ಮನೆಗೆ ಹೋಗಿ ಏನು ಕೇಳಿದೆ ಗೊತ್ತೇ? ಸೀರೆ ಕೇಳಿದೆ! ಹವ್ಯಾಸಿಗಳಾದ ನಾವು ಸ್ತ್ರೀವೇಷಕ್ಕೆ ಮನೆಯ ಹೆಂಗಸರ ಸೀರೆಯನ್ನೇ ಒಯ್ಯುವುದು ರೂಢಿ. “ಆ ಹಣ್ಣಡಿಕೆ ಬಣ್ಣದ್ದ್ ಕೊಡ್ತ್ಯಾ?” ಎಂದೆ. ಅವಳು ಎದ್ದು ಕಪಾಟಿನಿಂದ ತೆಗೆದು, ಮಡಿಕೆ ಬಿಚ್ಚಿ ಮೂಸಿ ನೋಡಿ ಕೊಟ್ಟಳು. “ಹರ್ಕಂಡ್ ಬಂದ್ರೆ ಕಾಣಿ! ಎಂತ, ನಿಮ್ಗೇ ಹೊಲುಕ್ ಗೊತ್ತಿತ್ತಲೆ” ಎಂದು ತಾನೇ ನಕ್ಕಳು. ಮಗು ಹೋದ ಮೇಲೆ ಅವಳು ನಕ್ಕದ್ದೇ ಅಪರೂಪ. ಆ ನಗುವನ್ನು ನೋಡಿ ಇನ್ನೊಂದನ್ನು ಕೇಳುವ ಧೈರ್ಯ ಬರಲಿಲ್ಲ. ಅಷ್ಟರಲ್ಲಿ ಅವಳೇ, “ಈ ಸಲ ನಾನೂ ಬತ್ತೆ” ಎಂದಳು.

ಬೇಡ ಎನ್ನಬಹುದಿತ್ತು. ಮಳೆ ಬರಬಹುದು, ಬಸ್ಸಿಲ್ಲ, ಏನಾದರೊಂದು ನೆಪ. ಎನ್ನಲಿಲ್ಲ. ಯಾಕೆಂದು ಈಗ ಮುಚ್ಚಿಡುವುದಿಲ್ಲ. ನಾನು ಎಷ್ಟು ಲಾಯ್ಕು ಮಾಡುತ್ತೇನೆಂದು ಅವಳು ನೋಡಬೇಕೆಂದು ನನಗೆ ಆಸೆಯಿತ್ತು. ಥೂ ನನ್ನ ಜನ್ಮಕ್ಕೆ!

ಆಟದ ದಿನ ಅವಳೇ ಚೌಕಿಗೆ ಬಂದು ನೆರಿಗೆ ಹಿಡಿದು ಪಿನ್ನು ಚುಚ್ಚಿದಳು. ಬಣ್ಣ ಹಚ್ಚಿದ ನನ್ನ ಮುಖ ನೋಡಿ, “ನನ್ಗಿಂತ ನೀವೇ ಚಂದ ಕಾಂತ್ರಿ” ಎಂದು ಹೋಗಿ ಹೆಂಗಸರ ಸಾಲಿನಲ್ಲಿ ಕುಳಿತಳು. ಅಂಗಳ ತುಂಬಿತ್ತು. ಮೀನು ಮಾರಿ ಬುಟ್ಟಿ ಸಮೇತ ನೇರ ಬಂದವರೂ ಇದ್ದರು.

ಪದ್ಯ ಬಂತು. ತಿರುಗಿದೆ. ಮಣಿಕಟ್ಟು ಎದೆಗೆ ಹೋಯಿತು. ಮೊದಲ ‘ಹ್ಞೂಂ’ಗೆ ಅಂಗಳ ನಿಶ್ಶಬ್ದವಾಯಿತು. ಎರಡನೆಯದಕ್ಕೆ ಎಲ್ಲೋ ಒಬ್ಬಳು ಬಿಕ್ಕಿದಳು, ಮೂರನೆಯದಕ್ಕೆ ಸಾಲು ಸಾಲಾಗಿ ಸೆರಗುಗಳು ಕಣ್ಣಿಗೆ ಹೋದವು. ಮೀನು ಬುಟ್ಟಿಯ ಹೆಂಗಸೊಬ್ಬಳು “ಅಯ್ಯೋ ಮಗಾ” ಎಂದು ಬಾಯಿಬಿಟ್ಟೇ ಅತ್ತಳು. ಸುಳ್ಳು ಹೇಳುವುದಿಲ್ಲ, ನನಗೆ ಆಗ ಸಂತೋಷವಾಯಿತು. ಎದೆ ಉಬ್ಬಿತು. ಸತ್ತ ಮಗುವಿನ ಮುಂದೆ ಅಳುತ್ತ ಒಳಗೊಳಗೇ ಹಿಗ್ಗುತ್ತಿದ್ದೆ.

ಆಗ ಅವಳನ್ನು ನೋಡಿದೆ. ಆ ಸಾಲಿನಲ್ಲಿ ಅಳದೆ ಕುಳಿತವಳು ಅವಳೊಬ್ಬಳೇ. ಬಲಗೈಯಿಂದ ತನ್ನ ಎಡಗೈಯ ಮಣಿಕಟ್ಟನ್ನು ಬಿಗಿಯಾಗಿ ಹಿಡಿದುಕೊಂಡಿದ್ದಳು. ನಾನು ನೋಡಿದ್ದು ಗೊತ್ತಾಗಿ ಆ ಕೈಯನ್ನು ಸೆರಗಿನೊಳಗೆ ಎಳೆದುಕೊಂಡಳು.

ಆಟ ಮುಗಿದ ಮೇಲೆ ಶಾಲು ಹೊದಿಸಿದರು, ಕೈ ಕುಲುಕಿದರು. ಗುಳಿಗೆ ಕೊಡಿ ಎಂದು ಕೂಗಿದವನೇ ಬಂದು “ಮಾಪ್ ಮಾಡಿ ಮಾರಾಯ್ರೆ, ನನ್ನನ್ನೂ ಮರ್ಕ್ಸಿದ್ರಿ” ಎಂದ. ಗುರುಗಳು ಮಾತ್ರ ನನ್ನ ಹತ್ತಿರ ಬರಲಿಲ್ಲ. ಅವಳು ರಿಕ್ಷಾದಲ್ಲಿ ಹೊರಗೆ ನೋಡುತ್ತ ಕುಳಿತಿದ್ದಳು. “ಹ್ಯಾಂಗ್ ಇದ್ದಿತ್?” ಎಂದು ಕೇಳಿದೆ. ಎಂಥ ಮೂರ್ಖ, ಅದನ್ನೂ ಕೇಳಿದೆ! “ಲಾಯ್ಕ್ ಇದ್ದಿತ್” ಎಂದಳು. ಮರುದಿನ ಸೀರೆಯನ್ನು ತೊಳೆದು, ಒಣಗಿಸಿ, ಮಡಚಿ, ತನ್ನ ಸೀರೆಗಳ ಜೊತೆ ಇಡದೆ ನನ್ನ ವೇಷದ ಪೆಟ್ಟಿಗೆಯಲ್ಲಿಟ್ಟಳು.

ಅವಳು ಜಗಳಾಡಲಿಲ್ಲ. ಜಗಳಾಡಿದ್ದರೆ ಕಾಲು ಹಿಡಿಯುತ್ತಿದ್ದೆ. ಎರಡು ತಿಂಗಳ ಮೇಲೆ ಒಂದು ಬೆಳಿಗ್ಗೆ ಹಿತ್ತಲಲ್ಲಿ ಕುಳಿತು ಬೂತಾಯಿ ಕುಯ್ಯುತ್ತಿದ್ದಳು. ತಡೆಯಲಾರದೆ, “ನಂದ್ ತಪ್ಪಾಯ್ತ್” ಎಂದೆ. ಏನು ತಪ್ಪು ಎಂದು ಅವಳು ಕೇಳಲಿಲ್ಲ. ಕೈಯಲ್ಲಿದ್ದ ಮೀನಿನ ತಲೆ ತೆಗೆದು, ಹೊಟ್ಟೆ ತೊಳೆದು, ಬಟ್ಟಲಿಗೆ ಹಾಕಿ ಹೇಳಿದಳು:

“ಆವತ್ತ್ ನಾ ಮರ್ಕ್ತಾ ಇಪ್ಪತಿಗೆ ನೀವೂ ನನ್ ಒಟ್ಟಿಗ್ ಮರ್ಕ್ತಾ ಇದ್ರಿ ಅಂದೇಳಿ ತಿಳ್ಕಂಡಿದ್ದೆ. ನೀವ್ ಕಾಂತಾ ಇದ್ರಿ.”

ಕಾಣುವುದೆಂದರೆ ನಮ್ಮಲ್ಲಿ ನೋಡುವುದು. ಇಲ್ಲ ಮಾರಾಯ್ತಿ, ನಾನೂ ಅತ್ತಿದ್ದೆ ಎಂದು ಹೇಳಲು ಬಾಯಿ ತೆರೆದೆ. ಆದರೆ ಎರಡು ‘ಹ್ಞೂಂ’ಗಳ ನಡುವೆ ಎಷ್ಟು ಹೊತ್ತು ಎಂಬುದು ಕರಾರುವಾಕ್ಕಾಗಿ ಗೊತ್ತಿದ್ದವನು ಯಾವ ಮುಖದಿಂದ ಹಾಗೆ ಹೇಳಬೇಕು? ಬೀಗದ ಕೈ ಎತ್ತಿಕೊಂಡು ಅಂಗಡಿಗೆ ಹೋದೆ.

ಇಷ್ಟಾದ ಮೇಲಾದರೂ ಬಿಟ್ಟೆನೇ? ಬಿಡಲಿಲ್ಲ. ಅದೇ ನನಗೆ ನನ್ನ ಮೇಲೆ ಎಲ್ಲಕ್ಕಿಂತ ಹೇಸಿಗೆ. ಬೈಂದೂರಿನಿಂದ ಕರೆ ಬಂತು, ಬ್ರಹ್ಮಾವರದಿಂದ ಕರೆ ಬಂತು. “ಆ ಮರ್ಕುದ್ ಒಂದ್ ಇರ್ಲಿ” ಎಂದು ಎಲ್ಲರೂ ಕೇಳುವವರೇ. ಊರಿಗೆ ಉಪಕಾರಿ, ಮನೆಗೆ ಮಾರಿ ಎಂಬ ಹಾಗೆ ಮೂರು ವರ್ಷ ಊರೂರು ಅಳಿಸಿದೆ. ಒಂದು ಊರಿನಲ್ಲಿ ‘ಹ್ಞೂಂ’ ಸ್ವಲ್ಪ ಉದ್ದ ಮಾಡಿದೆ, ಜನ ಇನ್ನೂ ಅತ್ತರು. ಇನ್ನೊಂದು ಊರಿನಲ್ಲಿ ತಲೆ ಗೋಡೆಗೆ ಆನಿಸುವ ಹಾಗೆ ಮಾಡಿದೆ, ಅದೂ ಹಿಡಿಸಿತು. ಹೀಗೆ ಸೇರಿಸಿ ಸೇರಿಸಿ ಒಂದು ದಿನ ಅವಳು ನಿಜಕ್ಕೂ ಹೇಗೆ ಅತ್ತಿದ್ದಳೆಂದು ನೆನಪು ಮಾಡಿಕೊಳ್ಳಲು ಹೋದರೆ, ಗೋಡೆಯ ಕಡೆ ತಿರುಗಿ ಕುಳಿತವಳ ಜಾಗದಲ್ಲಿ ನಾನೇ ಬಣ್ಣ ಹಚ್ಚಿಕೊಂಡು ಕುಳಿತಿದ್ದೆ.

ಅವಳು ನನ್ನ ಮುಂದೆ ಮತ್ತೆ ಅಳಲಿಲ್ಲ. ಮತ್ತೆ ಮಕ್ಕಳಾಗುವುದಿಲ್ಲ ಎಂದು ಡಾಕ್ಟರು ಹೇಳಿದಾಗಲೂ ಅಳಲಿಲ್ಲ. ಬಾರ್ಕೂರಿನಲ್ಲಿ ಅವಳ ಅಮ್ಮ ತೀರಿಕೊಂಡಾಗ ನಾವು ಹೋದೆವು. ನಾನು ಪಕ್ಕದಲ್ಲಿದ್ದಷ್ಟು ಹೊತ್ತು ಅಮ್ಮನ ಕಾಲು ಹಿಡಿದು ಒಣ ಕಣ್ಣಿನಲ್ಲಿ ಕುಳಿತಿದ್ದಳು. ಅವಳ ಅತ್ತಿಗೆ ನನ್ನನ್ನು ಅಂಗಳಕ್ಕೆ ಕರೆದು, ನೆಲ ನೋಡುತ್ತ ಹೇಳಿದರು: “ನೀವ್ ಸಲ್ಪ ಹೊರ್ಗೇ ಕೂಕಣಿ. ಅವ್ಳ್ ಮರ್ಕ್ಲಿ.” ತೆಂಗಿನ ಕಟ್ಟೆಯ ಮೇಲೆ ಕುಳಿತೆ. ಒಳಗಿನಿಂದ ಅವಳ ಸ್ವರ ಕೇಳಿತು. ಹೇಗೆ ಅಳುತ್ತಿದ್ದಾಳೆಂದು ಕಿವಿ ತಾನಾಗಿಯೇ ನಿಮಿರಿತು. ನನ್ನ ಕಿವಿ ನಿಮಿರಿದ್ದು ನನಗೇ ಗೊತ್ತಾಗಿ, ಎದ್ದು ಹೊಳೆಯ ಬದಿಗೆ ನಡೆದುಬಿಟ್ಟೆ.

ಆ ತಿಂಗಳೇ ವೇಷ ಬಿಟ್ಟೆ. ಗೆಜ್ಜೆ, ಚೌರಿ, ಬಣ್ಣ ಎಲ್ಲ ಸಂಘಕ್ಕೆ ಕೊಟ್ಟೆ. ಸೀರೆಯನ್ನು ಮಾತ್ರ ತಂದು ಅವಳ ಕೈಗೆ ಕೊಟ್ಟೆ. “ನನ್ ಸಲುವಾಗಿ ಬಿಡುದ್ ಬ್ಯಾಡ” ಎಂದಳು. “ನನ್ ಸಲುವಾಗಿ” ಎಂದೆ. ಸೀರೆ ತೆಗೆದುಕೊಂಡಳು, ಆದರೆ ಉಡಲಿಲ್ಲ. ಕೆಟ್ಟ ಮೇಲೆ ಬುದ್ಧಿ ಬಂದರೆ ಯಾರಿಗೇನು ಲಾಭ?

ಹೀಗೆಂದರೆ ನಾವು ಮಾತುಬಿಟ್ಟು ಬದುಕಿದೆವು ಎಂದುಕೊಳ್ಳಬೇಡಿ. ಒಟ್ಟಿಗೆ ಉಂಡೆವು, ಒಟ್ಟಿಗೆ ಪೇಟೆಗೆ ಹೋದೆವು, ಹುಕ್ಕು ಹೊಲಿಯುವುದು, ಕಾಜಾ ಮಾಡುವುದು ಎಲ್ಲ ಅಂಗಡಿಯಲ್ಲಿ ಅವಳದೇ ಕೆಲಸ. ನಗುತ್ತಲೂ ಇದ್ದಳು. ಅಳು ಬಂದರೆ ಮಾತ್ರ ಎದ್ದು ಹಿತ್ತಲಿಗೆ ಹೋಗುತ್ತಿದ್ದಳು. ನಾನು ಮಿಷನ್ನು ಜೋರಾಗಿ ತುಳಿಯುತ್ತಿದ್ದೆ, ನನಗೆ ಕೇಳುವುದಿಲ್ಲ ಎಂದು ಅವಳಿಗೆ ಗೊತ್ತಾಗಲಿ ಎಂದು.

ಕಾಯಿಲೆ ಬಂದದ್ದು ಅವಳಿಗೆ ನಲವತ್ತು ತುಂಬುವ ಮೊದಲೇ. ಗರ್ಭಕೋಶದಲ್ಲಿ. ಗೊತ್ತಾಗುವಾಗ ಹೊತ್ತು ಮೀರಿತ್ತು. ಆಸ್ಪತ್ರೆಯಲ್ಲಿ ನೋವು ಏರಿದಾಗ ಅವಳ ತುಟಿ ಬಿಗಿಯಾಗುತ್ತಿತ್ತು. ಅದು ನನಗೆ ಗುರುತಾಗಿಬಿಟ್ಟಿತ್ತು. ಕೂಡಲೇ ಫ್ಲಾಸ್ಕ್ ಎತ್ತಿಕೊಂಡು “ಚಾ ತಕಂಡ್ ಬತ್ತೆ” ಎಂದು ಹೊರಗೆ ಹೋಗುತ್ತಿದ್ದೆ. ಚಹಾ ಐದು ನಿಮಿಷಕ್ಕೆ ಸಿಗುತ್ತಿತ್ತು. ನಾನು ಅರ್ಧ ಗಂಟೆ ಮೆಟ್ಟಿಲ ಹತ್ತಿರ ನಿಂತು ಬರುತ್ತಿದ್ದೆ. ಆ ಅರ್ಧ ಗಂಟೆ ಅವಳು ಅತ್ತು, ಮುಖ ಒರೆಸಿಕೊಂಡು ಮಲಗಿರುತ್ತಿದ್ದಳು. ಚಹಾ ಆರಿರುತ್ತಿತ್ತು, ಇಬ್ಬರೂ ಕುಡಿಯುತ್ತಿದ್ದೆವು. ನಾನು ಅವಳಿಗೆ ಮಾಡಿದ ಉಪಕಾರ ಏನಾದರೂ ಇದ್ದರೆ ಅದೊಂದೇ.

ಒಂದು ದಿನ ಬೆಳಿಗ್ಗೆ ಹನ್ನೊಂದರ ಹೊತ್ತು, ತುಟಿ ಬಿಗಿಯಾಯಿತು. ನಾನು ಫ್ಲಾಸ್ಕ್‌ಗೆ ಕೈ ಹಾಕಿದೆ.

“ಹ್ವಾಯ್” ಎಂದಳು. “ಚಾ ಎಂತದೂ ಬ್ಯಾಡ. ಕೂಕಣಿ.”

ಕುಳಿತೆ. ನನ್ನ ಕೈಯನ್ನು ಹುಡುಕಿ ಹಿಡಿದುಕೊಂಡಳು. ಉಸಿರು ಬದಲಾಯಿತು, ಅಳು ಬರುತ್ತಿದೆ ಎಂದು ಗೊತ್ತಾಯಿತು. ಹತ್ತು ವರ್ಷ ನಾನು ಕಾದದ್ದು ಅದಕ್ಕೇ, ನನ್ನ ಎದುರು ಅವಳು ಒಂದು ಸಲ ಅತ್ತರೆ ಸಾಕು ಎಂದು. ಬಂದಾಗ ನನಗೆ ಹೆದರಿಕೆಯಾಯಿತು. ನನ್ನ ಕಣ್ಣನ್ನು ನಾನು ನಂಬುವುದು ಹೇಗೆ? ಇದನ್ನೂ ಅದು ಎತ್ತಿಟ್ಟುಕೊಂಡರೆ? ನಾನು ಕಣ್ಣು ಮುಚ್ಚಿಕೊಂಡೆ, ಬಿಗಿಯಾಗಿ.

ಅವಳಿಗೆ ಗೊತ್ತಾಯಿತು. ಅಳುವಿನ ನಡುವೆಯೇ ಹೇಳಿದಳು: “ಕಾಣಿ. ಅಡ್ಡಿಲ್ಲೆ.”

ನಾನು ಕಣ್ಣು ತೆರೆಯಲಿಲ್ಲ. ತೆರೆಯದಿರುವುದೇ ಪ್ರಾಯಶ್ಚಿತ್ತ ಎಂದುಕೊಂಡಿದ್ದೆ. ಸ್ವಲ್ಪ ಹೊತ್ತಿಗೆ ಅವಳ ಅಳು ನಿಂತಿತು, ಕೈ ಸಡಿಲವಾಯಿತು. ನಾನು ಕಣ್ಣು ಬಿಡುವಾಗ ಅವಳು ಗೋಡೆಯ ಕಡೆ ಹೊರಳಿ ಮಲಗಿದ್ದಳು. ಮತ್ತೆ ಅವಳು ಕೂಕಣಿ ಎನ್ನಲಿಲ್ಲ. ನಾಲ್ಕನೆಯ ದಿನ ಹೋದಳು.

ಮನೆಗೆ ತಂದು ಮಲಗಿಸಿ ಆ ಹಣ್ಣಡಿಕೆ ಬಣ್ಣದ ಸೀರೆ ಹೊದಿಸಿದರು. ಅಂಗಳ ತುಂಬ ಜನ. ನಾನು ಅಳುತ್ತೇನೆ ಎಂದು ಎಲ್ಲರೂ ಕಾದಿದ್ದರು. ಅಳು ಎದ್ದಿತು, ಜೊತೆಗೇ ಎಡಗೈ ಮಣಿಕಟ್ಟು ಎದೆಯ ಕಡೆ ಏಳುವುದನ್ನು ಕಂಡೆ. ಬಲಗೈಯಿಂದ ಅದನ್ನು ಗಟ್ಟಿಯಾಗಿ ಹಿಡಿದು ಮಡಿಲಿಗೆ ಒತ್ತಿಕೊಂಡೆ. ಅಳು ಅಲ್ಲೇ ನಿಂತಿತು. ಹಿಂದಿನಿಂದ ಯಾರೋ ಹೆಂಗಸು ಪಿಸುಗುಟ್ಟಿದಳು: “ಅಷ್ಟ್ ಜನ್ರನ್ನ ಮರ್ಕ್ಸಿದವ್ರ್, ಇವತ್ತ್ ಒಂದ್ ಹನಿ ಇಲ್ಲೆ ಕಾಣಿ.”

ಅವರು ಏನಾದರೂ ಹೇಳಿಕೊಳ್ಳಲಿ. ನನ್ನನ್ನು ತಿನ್ನುವುದು ಅದಲ್ಲ. ಮೊದಲ ಸಲ ಅವಳು ಹೇಳದೆಯೇ ನೋಡಿದೆ. ಕೊನೆಯ ಸಲ ಅವಳೇ ಕಾಣಿ ಎಂದಳು, ನಾನು ಕಾಣಲಿಲ್ಲ.